ವಿಚ್ಛೇದನಕ್ಕೆ ಎಷ್ಟು ಪುರಾವೆ ಬೇಕು?

ಮದುವೆ ಮುರಿದುಕೊಳ್ಳಲು ನಿರ್ಧರಿಸಿ ವಕೀಲರ ಕಚೇರಿಯ ಮೆಟ್ಟಿಲೇರುವವರಲ್ಲಿ ಎರಡು ಬಗೆಯವರಿರುತ್ತಾರೆ. "ನಾಲ್ಕು ಗೋಡೆಗಳ ನಡುವೆ ನಡೆದದ್ದಕ್ಕೆ ನಾನು ಸಾಕ್ಷಿ ಎಲ್ಲಿಂದ ತರಲಿ?" ಎಂದು ಮೊದಲೇ ಕೈಚೆಲ್ಲಿದವರು ಒಂದು ಬಗೆ. ಮೊಬೈಲ್ ತುಂಬ ರೆಕಾರ್ಡಿಂಗ್, ಸ್ಕ್ರೀನ್‌ಶಾಟ್ ಪೇರಿಸಿಕೊಂಡು, ಜೊತೆಗೊಂದು ಪೊಲೀಸ್ ದೂರನ್ನೂ ಕೊಟ್ಟು, ಇನ್ನು ಗೆಲುವು ನನ್ನದೇ ಎಂದು ನಂಬಿ ಬಂದವರು ಇನ್ನೊಂದು ಬಗೆ. ಇಬ್ಬರ ತಪ್ಪು ತಿಳಿವಳಿಕೆಯ ಬೇರು ಒಂದೇ. ವಿಚ್ಛೇದನದ ಮೊಕದ್ದಮೆ ಎಂದರೆ ಕ್ರಿಮಿನಲ್ ಕೇಸಿನ ಹಾಗೆ, ಎದುರಿನವರನ್ನು ಸಂಶಯಕ್ಕೆ ಎಡೆಯಿಲ್ಲದಂತೆ ಅಪರಾಧಿ ಎಂದು ತೋರಿಸಬೇಕು ಎಂದು ಇಬ್ಬರೂ ಭಾವಿಸಿದ್ದಾರೆ. ಕಾನೂನು ಅಷ್ಟನ್ನು ಕೇಳುವುದಿಲ್ಲ. ಅದು ಕೇಳುವ ಪುರಾವೆ ಸಾಮಾನ್ಯ ಮನುಷ್ಯನ ಕೈಗೆ ಎಟುಕುವಂಥದ್ದು, ಆದರೆ ಪ್ರಾಮಾಣಿಕವಾಗಿರಬೇಕು, ನಿರ್ದಿಷ್ಟವಾಗಿರಬೇಕು. ಈ ಅಳತೆ ನ್ಯಾಯವಾದದ್ದು, ಅದನ್ನು ಉಳಿಸಿಕೊಳ್ಳಬೇಕು ಎಂಬುದು ನನ್ನ ವಾದ. ಅದನ್ನು ಮರೆತು ಸಂಸಾರದ ವ್ಯಾಜ್ಯವನ್ನು ಅಪರಾಧದ ವಿಚಾರಣೆಯಂತೆ ನಡೆಸುವುದರಿಂದಲೇ ಹೆಚ್ಚಿನ ನೋವು, ಹೆಚ್ಚಿನ ವಿಳಂಬ ಉಂಟಾಗುತ್ತಿದೆ.

ಹಿಂದೂ ವಿವಾಹ ಕಾಯ್ದೆ ಜಾರಿಗೆ ಬಂದದ್ದು 1955ರ ಮೇ 18ರಂದು. ಹಿಂದೂಗಳ ಜೊತೆಗೆ ಬೌದ್ಧ, ಜೈನ, ಸಿಖ್ಖರಿಗೂ ಅನ್ವಯಿಸುವ ಈ ಕಾಯ್ದೆಯ ಎರಡನೇ ಕಲಮು ವೀರಶೈವ, ಲಿಂಗಾಯತರನ್ನು ಹೆಸರಿಸಿಯೇ ಹೇಳುತ್ತದೆ. 13ನೇ ಕಲಮಿನಲ್ಲಿ ವಿಚ್ಛೇದನದ ಕಾರಣಗಳ ಪಟ್ಟಿಯಿದೆ: ಪರಸಂಗ, ಕ್ರೌರ್ಯ, ಎರಡು ವರ್ಷಕ್ಕೆ ಕಡಿಮೆಯಿಲ್ಲದ ಪರಿತ್ಯಾಗ, ಮತಾಂತರ, ತೀವ್ರ ಮಾನಸಿಕ ಅಸ್ವಸ್ಥತೆ, ಅಂಟುವ ಲೈಂಗಿಕ ರೋಗ, ಸನ್ಯಾಸ, ಏಳು ವರ್ಷ ಬದುಕಿರುವ ಸುದ್ದಿಯೇ ಇಲ್ಲದಿರುವುದು. ಕುಷ್ಠರೋಗವೂ ಈ ಪಟ್ಟಿಯಲ್ಲಿತ್ತು. 2019ರ ತಿದ್ದುಪಡಿ ಅದನ್ನು ತೆಗೆದುಹಾಕಿತು. ಇಂದು ಬಹುಪಾಲು ಅರ್ಜಿಗಳಿಗೆ ಆಧಾರವಾಗಿರುವ ಕ್ರೌರ್ಯ ಮತ್ತು ಪರಿತ್ಯಾಗ ಮೂಲ ಕಾಯ್ದೆಯಲ್ಲಿ ವಿಚ್ಛೇದನದ ಕಾರಣಗಳೇ ಆಗಿರಲಿಲ್ಲ. ಅವುಗಳಿಂದ ನ್ಯಾಯಿಕ ಪ್ರತ್ಯೇಕತೆ, ಅಂದರೆ ಮದುವೆ ಉಳಿದೇ ಬೇರೆಯಾಗಿರುವ ಅನುಮತಿಯಷ್ಟೇ ಸಿಗುತ್ತಿತ್ತು. ಅದಕ್ಕೂ ಕ್ರೌರ್ಯದ ವಿಷಯದಲ್ಲಿ, ಒಟ್ಟಿಗೆ ಬಾಳಿದರೆ ಅಪಾಯವಾದೀತು ಎಂಬ ಸಕಾರಣ ಭಯ ತನಗಿದೆಯೆಂದು ತೋರಿಸಬೇಕಿತ್ತು. ಪರಸಂಗದ ವಿಷಯದಲ್ಲಿ, ಎದುರಿನವರು ಆ ಸಂಬಂಧದಲ್ಲೇ ಬಾಳುತ್ತಿದ್ದಾರೆ ಎಂದು ಸ್ಥಾಪಿಸಬೇಕಿತ್ತು. 1976ರ ತಿದ್ದುಪಡಿ ಈ ಬಾಗಿಲುಗಳನ್ನು ಅಗಲ ಮಾಡಿತು: ಕ್ರೌರ್ಯ, ಪರಿತ್ಯಾಗಗಳು ನೇರವಾಗಿ ವಿಚ್ಛೇದನದ ಕಾರಣಗಳಾದವು, ಭಯದ ಷರತ್ತು ಹೋಯಿತು, ಮದುವೆಯಾದ ಮೇಲಿನ ಒಂದೇ ಪರಸಂಗವೂ ಸಾಕೆಂದಾಯಿತು, ಪರಸ್ಪರ ಒಪ್ಪಿಗೆಯ ವಿಚ್ಛೇದನವೂ ಸೇರಿತು. ಸಂಸತ್ತು ಯಾವ ದಿಕ್ಕಿಗೆ ಹೆಜ್ಜೆ ಇಟ್ಟಿತು ಎಂಬುದು ಇದರಿಂದಲೇ ಸ್ಪಷ್ಟ.

ಕಾರಣ ಹೇಳಿದರಾಯಿತೇ? ಇಲ್ಲ. 23ನೇ ಕಲಮಿನ ಪ್ರಕಾರ ಎದುರಿನವರು ಬಂದು ವಾದಿಸಲಿ, ಬಾರದೇ ಇರಲಿ, ಕಾರಣ ನಿಜವೆಂದು ನ್ಯಾಯಾಲಯಕ್ಕೆ ಮನವರಿಕೆಯಾಗಬೇಕು. ಅರ್ಜಿದಾರರು ತಮ್ಮ ತಪ್ಪಿನ ಲಾಭವನ್ನೇ ಪಡೆಯುತ್ತಿರಬಾರದು. ಕ್ರೌರ್ಯವನ್ನಾಗಲಿ ಪರಸಂಗವನ್ನಾಗಲಿ ಮನ್ನಿಸಿರಬಾರದು. ಇಬ್ಬರೂ ಒಳಗೊಳಗೇ ಒಪ್ಪಂದ ಮಾಡಿಕೊಂಡು ನಾಟಕ ಆಡುತ್ತಿರಬಾರದು. ಅಕಾರಣ ವಿಳಂಬ ಇರಬಾರದು. ಈ ಮನವರಿಕೆ ಎಷ್ಟು ಗಟ್ಟಿಯಾಗಿರಬೇಕು ಎಂಬ ಪ್ರಶ್ನೆಗೆ ಸುಪ್ರೀಂ ಕೋರ್ಟ್ 1975ರಲ್ಲಿ, ವಕೀಲರೆಲ್ಲ ದಾಸ್ತಾನೆ ಪ್ರಕರಣ ಎಂದು ಕರೆಯುವ ತೀರ್ಪಿನಲ್ಲಿ ಉತ್ತರ ಕೊಟ್ಟಿತು. ನ್ಯಾಯಮೂರ್ತಿ ವೈ.ವಿ. ಚಂದ್ರಚೂಡ್ ಬರೆದ ಆ ತೀರ್ಪಿನ ಪ್ರಕಾರ ದಾಂಪತ್ಯದ ವ್ಯಾಜ್ಯ ಸಿವಿಲ್ ವ್ಯಾಜ್ಯ. ಇಲ್ಲಿ ಸಂಶಯಾತೀತ ಪುರಾವೆಯ ಪ್ರಶ್ನೆಯೇ ಇಲ್ಲ. ಎರಡೂ ಕಡೆಯ ಮಾತನ್ನು ತೂಗಿ ನೋಡಿದಾಗ, ವಿವೇಕವುಳ್ಳ ಮನುಷ್ಯನಿಗೆ ಯಾವುದು ನಡೆದಿರುವ ಸಂಭವ ಹೆಚ್ಚು ಅನ್ನಿಸುತ್ತದೋ ಅದು ಸಾಬೀತಾದಂತೆ. ಆದರೆ ಆ ಪ್ರಕರಣದಲ್ಲಿ ಅರ್ಜಿ ಹಾಕಿದ ಗಂಡ ಗೆಲ್ಲಲಿಲ್ಲ. ಹೆಂಡತಿಯ ಕೆಲವು ಬೈಗುಳ, ಬೆದರಿಕೆಗಳು ಕ್ರೌರ್ಯವೇ ಎಂದು ನ್ಯಾಯಾಲಯ ಒಪ್ಪಿತು. ಅವು ನಡೆದ ಕಾಲದಲ್ಲೂ ಇಬ್ಬರೂ ಸಹಜ ದಾಂಪತ್ಯ ನಡೆಸಿದ್ದರು, ಮಗುವೂ ಹುಟ್ಟಿತ್ತು; ಆದ್ದರಿಂದ ಗಂಡ ಅದನ್ನೆಲ್ಲ ಮನ್ನಿಸಿದ್ದಾನೆ ಎಂದು ತೀರ್ಮಾನಿಸಿತು. ಪುರಾವೆಯ ಮಟ್ಟವನ್ನು ಇಳಿಸಿದ ಅದೇ ತೀರ್ಪು, ಮಟ್ಟ ಇಳಿದ ಮಾತ್ರಕ್ಕೆ ಬಿಡುಗಡೆ ಸುಲಭವಲ್ಲ ಎಂಬುದನ್ನೂ ತೋರಿಸಿತು.

ಕ್ರೌರ್ಯವನ್ನೇ ತೆಗೆದುಕೊಳ್ಳಿ. ಕಾಯ್ದೆ ಅದಕ್ಕೆ ವ್ಯಾಖ್ಯಾನ ಕೊಟ್ಟಿಲ್ಲ, ಬೇಕೆಂದೇ ಬಿಟ್ಟಿದೆ. ಒಂದು ಮನೆಯಲ್ಲಿ ತಮಾಷೆಯಾಗುವ ಮಾತು ಇನ್ನೊಂದು ಮನೆಯಲ್ಲಿ ಇರಿತವಾಗಬಹುದು. ದಂಪತಿಯ ಹಿನ್ನೆಲೆ, ವಿದ್ಯೆ, ಬದುಕಿದ ಪರಿಸರ ಎಲ್ಲವನ್ನೂ ನೋಡಿಯೇ ಅಳೆಯಬೇಕು ಎಂದು 1988 ಮತ್ತು 1994ರ ಸುಪ್ರೀಂ ಕೋರ್ಟ್ ತೀರ್ಪುಗಳು ಹೇಳಿವೆ. ವರದಕ್ಷಿಣೆಯ ಬೇಡಿಕೆಯೇ ಕ್ರೌರ್ಯವೆಂದದ್ದೂ ಆ 1988ರ ತೀರ್ಪೇ. 2007ರಲ್ಲಿ ಮಾನಸಿಕ ಕ್ರೌರ್ಯಕ್ಕೆ ಹಲವು ನಿದರ್ಶನಗಳನ್ನು ಪಟ್ಟಿ ಮಾಡಿದ ನ್ಯಾಯಾಲಯ, ದಿನನಿತ್ಯದ ಸಣ್ಣಪುಟ್ಟ ಜಗಳ, ಸಿಡುಕು, ಸಂಸಾರದ ಸವೆತ ಸಾಲದು, ದೀರ್ಘಕಾಲ ನಡೆದು ಬಾಳುವೆಯನ್ನೇ ಅಸಾಧ್ಯ ಮಾಡುವ ವರ್ತನೆ ಬೇಕು ಎಂದು ಗೆರೆ ಎಳೆಯಿತು. ಇದನ್ನು ಸಾಬೀತುಪಡಿಸುವ ಕೆಲಸ ಶುರುವಾಗುವುದು ಅರ್ಜಿಯ ಒಕ್ಕಣೆಯಲ್ಲಿ. "ಎದುರುದಾರರು ನನಗೆ ದೈಹಿಕವಾಗಿ, ಮಾನಸಿಕವಾಗಿ ಹಿಂಸೆ ಕೊಟ್ಟಿರುತ್ತಾರೆ" ಎಂಬ ಒಂದು ಸಾಲು ಸಾವಿರಾರು ಅರ್ಜಿಗಳಲ್ಲಿ ಅಚ್ಚೊತ್ತಿದ ಹಾಗೆ ಬರುತ್ತದೆ, ಅದರಿಂದ ಯಾವ ಪ್ರಯೋಜನವೂ ಇಲ್ಲ. ಅದರ ಬದಲು, ಯುಗಾದಿಯ ಮಾರನೇ ದಿನ ನೆಂಟರೆದುರು ಯಾವ ಮಾತು ಆಡಿದರು, ಆಗ ಮನೆಯಲ್ಲಿ ಯಾರಿದ್ದರು, ಅಂದು ರಾತ್ರಿ ಎಲ್ಲಿ ಉಳಿದುಕೊಂಡದ್ದು, ಮರುದಿನ ಅಣ್ಣನಿಗೆ ಏನೆಂದು ಮೆಸೇಜ್ ಹಾಕಿದ್ದು, ಯಾವ ಆಸ್ಪತ್ರೆಯಲ್ಲಿ ತೋರಿಸಿಕೊಂಡದ್ದು ಎಂದು ಬರೆದರೆ ಪ್ರತಿಯೊಂದು ವಿವರವೂ ಒಂದು ಪುರಾವೆಗೆ ದಾರಿಯಾಗುತ್ತದೆ. ಅರ್ಜಿಯಲ್ಲಿ ಇಲ್ಲದ ಘಟನೆಯನ್ನು ಸಾಕ್ಷಿಕಟ್ಟೆಯಲ್ಲಿ ಹೊಸದಾಗಿ ಹೇಳಲು ಹೋದರೆ ಪಾಟೀಸವಾಲಿನ ಮೊದಲ ಪ್ರಶ್ನೆಯೇ "ಇದನ್ನು ಅರ್ಜಿಯಲ್ಲಿ ಯಾಕೆ ಹೇಳಿಲ್ಲ?" ಎಂದಾಗುತ್ತದೆ. ಅದಕ್ಕೆ ಉತ್ತರ ಕೊಡುವುದು ಕಷ್ಟ.

ನಮ್ಮ ಹೈಕೋರ್ಟಿನ 2023ರ ಒಂದು ತೀರ್ಪು ಇದಕ್ಕೆ ಒಳ್ಳೆಯ ನಿದರ್ಶನ. ಗಂಡ ಕಪ್ಪಗಿದ್ದಾನೆಂದು ಹೆಂಡತಿ ಸದಾ ಹೀಯಾಳಿಸುತ್ತಿದ್ದಳು ಎಂಬ ಕಾರಣಕ್ಕೆ ಅವನು 2012ರಲ್ಲಿ ಬೆಂಗಳೂರಿನ ಕೌಟುಂಬಿಕ ನ್ಯಾಯಾಲಯಕ್ಕೆ ಹೋಗಿದ್ದ. 2017ರಲ್ಲಿ ಅರ್ಜಿ ವಜಾ ಆಯಿತು. ಮೇಲ್ಮನವಿಯನ್ನು ಕೇಳಿದ ನ್ಯಾಯಮೂರ್ತಿ ಅಲೋಕ್ ಆರಾಧೆ, ನ್ಯಾಯಮೂರ್ತಿ ಅನಂತ್ ರಾಮನಾಥ್ ಹೆಗಡೆ ಅವರ ಪೀಠ ಮೈಬಣ್ಣದ ಅವಮಾನವನ್ನು ಒಂಟಿಯಾಗಿ ನೋಡಲಿಲ್ಲ. ಆ ಅವಮಾನವನ್ನು ಮುಚ್ಚಿಕೊಳ್ಳಲು ಗಂಡನ ಮೇಲೆ ಅನೈತಿಕ ಸಂಬಂಧದ ಆಧಾರವಿಲ್ಲದ ಆರೋಪ ಹೊರಿಸಲಾಯಿತೇ, ವರ್ಷಗಟ್ಟಲೆ ದೂರವಿದ್ದವರು ಮರಳಿ ಬರಲು ಪ್ರಯತ್ನಿಸಿದರೇ ಎಂಬುದನ್ನೆಲ್ಲ ಒಟ್ಟಿಗೆ ತೂಗಿ, ಇದು ಕ್ರೌರ್ಯವೇ ಹೌದೆಂದು ವಿಚ್ಛೇದನ ಕೊಟ್ಟಿತು. ರಹಸ್ಯ ಕ್ಯಾಮೆರಾದ ಅಗತ್ಯ ಬೀಳಲಿಲ್ಲ. ಎರಡೂ ಕಡೆಯವರ ಹೇಳಿಕೆ, ಅವರ ಮುಂದಿನ ನಡತೆ, ಸಾಬೀತಾಗದೆ ಉಳಿದ ಆರೋಪ ಇವುಗಳೇ ಸಾಕಾದವು. ಆದರೆ ಈ ಉತ್ತರ ಸಿಗಲು ಹನ್ನೊಂದು ವರ್ಷ ಬೇಕಾಯಿತು ಎಂಬುದೂ ಅಷ್ಟೇ ಗಮನಿಸಬೇಕಾದ ಸಂಗತಿ.

ಪರಿತ್ಯಾಗದಲ್ಲಿ ಲೆಕ್ಕ ಇನ್ನೂ ಸೂಕ್ಷ್ಮ. ಎರಡು ವರ್ಷ ಬೇರೆ ಮನೆಯಲ್ಲಿದ್ದರೆ ಆಯಿತು ಎಂದುಕೊಳ್ಳುವವರು ಬಹಳ. ಬೇರೆಯಾಗಿರುವುದರ ಜೊತೆಗೆ ದಾಂಪತ್ಯವನ್ನೇ ಕೊನೆಗಾಣಿಸುವ ಉದ್ದೇಶ ಬೇಕು. ಬಿಟ್ಟುಹೋದದ್ದಕ್ಕೆ ತಕ್ಕ ಕಾರಣ ಇರಬಾರದು. ಉಳಿದವರ ಒಪ್ಪಿಗೆಯೂ ಇರಬಾರದು. 1956ರಲ್ಲಿ ಸುಪ್ರೀಂ ಕೋರ್ಟ್ ತೀರ್ಮಾನಿಸಿದ, ಮುಂಬಯಿಯ 1947ರ ಹಿಂದೂ ವಿಚ್ಛೇದನ ಕಾಯ್ದೆಯಡಿಯ ಪ್ರಕರಣ ಇವತ್ತಿಗೂ ಪಾಠದಂತಿದೆ. ಗಂಡ ವ್ಯಾಪಾರಕ್ಕೆಂದು ಇಂಗ್ಲೆಂಡಿಗೆ ಹೋಗಿದ್ದಾಗ ಹೆಂಡತಿ ಬೇರೊಬ್ಬನಿಗೆ ಬರೆದ ಪತ್ರ ಮನೆಯವರ ಕೈಗೆ ಸಿಕ್ಕಿತ್ತು. ಅವನು ಮರಳಿದ ಮೇಲೆ ಆಕೆ ತವರಿಗೆ ಹೋದಳು. ವರ್ಷಗಳ ನಂತರ ಅವನು ಪರಿತ್ಯಾಗದ ಆಧಾರದ ಮೇಲೆ ಬಿಡುಗಡೆ ಕೇಳಿದ. ಆದರೆ ನಡುವೆ ಹೆಂಡತಿಯ ಮನೆಯವರು ಆಕೆಯನ್ನು ಮರಳಿ ಕಳುಹಿಸಲು ಮುಂದಾದಾಗ, ಕಳುಹಿಸಬೇಡಿ ಎಂದು ಗಂಡನ ಕಡೆಯಿಂದಲೇ ಟೆಲಿಗ್ರಾಂ ಹೋಗಿತ್ತು. ಬಾಗಿಲು ಮುಚ್ಚಿದವನು, ಒಳಗೆ ಬರಲಿಲ್ಲವೆಂದು ಹೇಗೆ ದೂರುತ್ತಾನೆ? ನ್ಯಾಯಮೂರ್ತಿ ಬಿ.ಪಿ. ಸಿನ್ಹಾ ಅವರಿದ್ದ ಪೀಠ ಅವನ ಅರ್ಜಿಯನ್ನು ಒಪ್ಪಲಿಲ್ಲ. ಟೆಲಿಗ್ರಾಂ ಹೋಗಿ ವಾಟ್ಸಾಪ್ ಬಂದಿದೆ, ತತ್ವ ಬದಲಾಗಿಲ್ಲ. "ಇನ್ನು ಈ ಮನೆ ಹೊಸ್ತಿಲು ತುಳಿಯಬೇಡ" ಎಂದು ಸಿಟ್ಟಿನಲ್ಲಿ ಕಳಿಸಿದ ಒಂದು ಸಂದೇಶ ಕಳಿಸಿದವರ ಕೇಸನ್ನೇ ಮುಳುಗಿಸಬಹುದು. ಪ್ರಾಮಾಣಿಕವಾಗಿ ಕರೆದ, ಕಾದ, ಹಿರಿಯರನ್ನು ಕಳಿಸಿದ ಕುರುಹುಗಳೇ ಇಲ್ಲಿ ಗಟ್ಟಿ ಪುರಾವೆ.

ಪರಸಂಗವನ್ನು ಕಣ್ಣಾರೆ ಕಂಡ ಸಾಕ್ಷಿ ಸಿಗುವುದು ಅಪರೂಪ ಎಂಬುದು ನ್ಯಾಯಾಲಯಗಳಿಗೂ ಗೊತ್ತು. ಸಾಂದರ್ಭಿಕ ಸಾಕ್ಷ್ಯ ಸಾಕು: ಒಟ್ಟಿಗೆ ತಂಗಿದ ಹೋಟೆಲಿನ ದಾಖಲೆ, ಪತ್ರ, ಪ್ರಯಾಣ, ಇವೆಲ್ಲ ಸೇರಿ ಒಂದೇ ಕಡೆಗೆ ಬೆರಳು ತೋರಬೇಕು. ಬರಿಯ ಸಂಶಯವನ್ನು, ಸಹೋದ್ಯೋಗಿಯೊಡನೆ ಸಲಿಗೆಯಿಂದ ಮಾತಾಡಿದ್ದನ್ನು ಯಾರೂ ಒಪ್ಪುವುದಿಲ್ಲ. 2018ರಲ್ಲಿ ಸುಪ್ರೀಂ ಕೋರ್ಟ್ ಪರಸಂಗವನ್ನು ಅಪರಾಧದ ಪಟ್ಟಿಯಿಂದ ಕೈಬಿಟ್ಟಿತು, ಆದರೆ ವಿಚ್ಛೇದನದ ಕಾರಣವಾಗಿ ಅದು ಉಳಿದಿದೆ. ಈ ಆರೋಪದಲ್ಲಿ ಪುರಾವೆಗಾಗಿ ಎಷ್ಟು ದೂರ ಹೋಗಬಹುದು ಎಂಬುದಕ್ಕೆ ಎರಡು ತೀರ್ಪುಗಳು ಗಡಿ ಹಾಕಿವೆ. 2022ರಲ್ಲಿ ಕರ್ನಾಟಕ ಹೈಕೋರ್ಟಿನ ನ್ಯಾಯಮೂರ್ತಿ ಎಂ. ನಾಗಪ್ರಸನ್ನ, ಹೆಂಡತಿಯ ಗೆಳೆಯನೆಂದು ಹೇಳಲಾದ ವ್ಯಕ್ತಿಯ ಮೊಬೈಲ್ ಟವರ್ ವಿವರಗಳನ್ನು ತರಿಸುವ ಕೌಟುಂಬಿಕ ನ್ಯಾಯಾಲಯದ ಆದೇಶವನ್ನು ರದ್ದುಮಾಡಿ, ಗಂಡಹೆಂಡಿರ ವ್ಯಾಜ್ಯದಲ್ಲಿ ಮೂರನೆಯವರ ಖಾಸಗಿತನವನ್ನು ಹೀಗೆ ಬಯಲು ಮಾಡಲಾಗದು ಎಂದರು. 2023ರಲ್ಲಿ ಸುಪ್ರೀಂ ಕೋರ್ಟ್, ಹೆಂಡತಿಯ ನಡತೆಯನ್ನು ಸಾಬೀತುಪಡಿಸಲು ಮಗುವಿನ ಡಿಎನ್‌ಎ ಪರೀಕ್ಷೆಯನ್ನು ಅಡ್ಡದಾರಿಯಾಗಿ ಬಳಸಬಾರದು ಎಂದಿತು. ವ್ಯಾಜ್ಯದಲ್ಲಿ ಪಾಲುದಾರನೇ ಅಲ್ಲದ ಮಗು ತನ್ನ ಹುಟ್ಟಿನ ಪ್ರಶ್ನೆಯನ್ನು ಬದುಕಿಡೀ ಹೊರಬೇಕಾಗುತ್ತದೆ. ಗೆಲ್ಲುವ ಹಟದಲ್ಲಿ ಇದನ್ನು ಮರೆಯುವ ಹೆತ್ತವರಿಗೆ ನ್ಯಾಯಾಲಯವೇ ನೆನಪಿಸಬೇಕಾಗಿ ಬಂದದ್ದು ದುಃಖದ ವಿಷಯ.

ಹಾಗಾದರೆ ಕದ್ದು ಮಾಡಿದ ರೆಕಾರ್ಡಿಂಗ್? ದಂಪತಿಯ ನಡುವಿನ ಮಾತನ್ನು ಹೊರಗೆಡಹಬಾರದೆಂಬ ನಿಯಮ ನಮ್ಮ ಸಾಕ್ಷ್ಯ ಕಾನೂನಿನಲ್ಲಿ ಬ್ರಿಟಿಷರ ಕಾಲದಿಂದ ಇದೆ. 2024ರ ಜುಲೈ 1ರಿಂದ ಜಾರಿಯಲ್ಲಿರುವ ಭಾರತೀಯ ಸಾಕ್ಷ್ಯ ಅಧಿನಿಯಮದಲ್ಲೂ ಅದು ಮುಂದುವರಿದಿದೆ. ಆದರೆ ದಂಪತಿ ಪರಸ್ಪರರ ವಿರುದ್ಧ ವ್ಯಾಜ್ಯ ಹೂಡಿದಾಗ ಆ ನಿಯಮಕ್ಕೆ ವಿನಾಯಿತಿಯೂ ಅದರಲ್ಲೇ ಇದೆ. ಕರ್ನಾಟಕದವರೇ ಆದ ನ್ಯಾಯಮೂರ್ತಿ ಬಿ.ವಿ. ನಾಗರತ್ನ ಮತ್ತು ನ್ಯಾಯಮೂರ್ತಿ ಸತೀಶ್ ಚಂದ್ರ ಶರ್ಮಾ ಅವರ ಪೀಠ 2025ರ ಜುಲೈನಲ್ಲಿ ಇದನ್ನೇ ಆಧರಿಸಿ, ಸಂಗಾತಿಗೆ ತಿಳಿಯದಂತೆ ಧ್ವನಿಮುದ್ರಿಸಿಕೊಂಡ ಮಾತುಕತೆಯನ್ನೂ ವಿಚ್ಛೇದನದ ಮೊಕದ್ದಮೆಯಲ್ಲಿ ಸಾಕ್ಷ್ಯವಾಗಿ ಪರಿಗಣಿಸಬಹುದು ಎಂದಿತು. ಇದರಿಂದ ಮನೆಮನೆಯಲ್ಲೂ ಗೂಢಚಾರಿಕೆ ಶುರುವಾಗುತ್ತದೆ ಎಂಬ ಆತಂಕ ಸಹಜ. ಗಂಡಹೆಂಡತಿ ಒಬ್ಬರನ್ನೊಬ್ಬರು ಕದ್ದು ಕೇಳುವ ಹಂತಕ್ಕೆ ಬಂದಿದ್ದಾರೆಂದರೆ ನಂಬಿಕೆ ಆಗಲೇ ಮುರಿದಿದೆ ಎಂಬುದು ನ್ಯಾಯಾಲಯದ ಉತ್ತರ. ಅದನ್ನು ನಾನು ಒಪ್ಪುತ್ತೇನೆ, ಆದರೆ ಒಂದು ಎಚ್ಚರಿಕೆಯೊಂದಿಗೆ. ಸಾಕ್ಷ್ಯವಾಗಿ ಸ್ವೀಕರಿಸುವುದು ಬೇರೆ, ಅದನ್ನು ನಂಬುವುದು ಬೇರೆ. ಒಂದು ಗಂಟೆಯ ಜಗಳದಲ್ಲಿ ಕೊನೆಯ ಎರಡು ನಿಮಿಷ ಮಾತ್ರ ಮುದ್ರಿಸಿದವರು, ಮೊದಲು ಕೆರಳಿಸಿದ್ದು ಯಾರೆಂಬ ಪ್ರಶ್ನೆಗೆ ಉತ್ತರಿಸಲೇಬೇಕು. ಎಲೆಕ್ಟ್ರಾನಿಕ್ ದಾಖಲೆಗೆ ಸಾಕ್ಷ್ಯ ಅಧಿನಿಯಮದ 63ನೇ ಕಲಮಿನಡಿ ಪ್ರಮಾಣಪತ್ರ ಬೇಕು. ಕೌಟುಂಬಿಕ ನ್ಯಾಯಾಲಯಗಳಿಗೆ 1984ರ ಕಾಯ್ದೆಯ 14ನೇ ಕಲಮು ಸಾಕ್ಷ್ಯದ ಬಿಗಿ ನಿಯಮಗಳಿಂದ ಸಡಿಲಿಕೆ ಕೊಟ್ಟಿದ್ದರೂ ಮೂಲ ಫೋನನ್ನು ಕಾಪಾಡಿಕೊಂಡು ಪ್ರಮಾಣಪತ್ರ ಹಾಜರುಪಡಿಸುವುದೇ ಜಾಣತನ.

ಕಾಯಿಲೆಯ ಕಾರಣದಲ್ಲಿ ಕಾನೂನು ಇನ್ನೂ ಕಟ್ಟುನಿಟ್ಟು, ಇರಬೇಕಾದದ್ದೂ ಹಾಗೆಯೇ. ವೈದ್ಯರ ಚೀಟಿಯಲ್ಲಿ ಸ್ಕಿಜೋಫ್ರೀನಿಯಾ ಎಂದು ಬರೆದಿದ್ದರೆ ಸಾಲದು. ಅರ್ಜಿದಾರರು ಒಟ್ಟಿಗೆ ಬಾಳಬೇಕೆಂದು ನಿರೀಕ್ಷಿಸುವುದೇ ಅನ್ಯಾಯ ಎನ್ನುವಷ್ಟು ತೀವ್ರತೆ ಇರಬೇಕು ಎಂದು ಸುಪ್ರೀಂ ಕೋರ್ಟ್ 1988ರಲ್ಲೇ ಹೇಳಿದೆ. ಚಿಕಿತ್ಸೆಯಿಂದ ಸುಧಾರಿಸಿಕೊಂಡು ಕೆಲಸಕ್ಕೆ ಹೋಗುತ್ತಿರುವವರನ್ನು ಹಳೆಯ ಮಾತ್ರೆ ಚೀಟಿ ತೋರಿಸಿ ಕೈಬಿಡಲು ಬರುವುದಿಲ್ಲ. ಮೇಲ್ನೋಟಕ್ಕೇ ಗಟ್ಟಿಯಾದ ಆಧಾರವಿದ್ದರೆ ವೈದ್ಯಕೀಯ ಪರೀಕ್ಷೆಗೆ ನ್ಯಾಯಾಲಯ ಆದೇಶಿಸಬಹುದು, ಒಪ್ಪದಿದ್ದರೆ ಅದರಿಂದ ವ್ಯತಿರಿಕ್ತ ತೀರ್ಮಾನಕ್ಕೂ ಬರಬಹುದು ಎಂಬುದು 2003ರ ತೀರ್ಪು. ಮತಾಂತರ, ಸನ್ಯಾಸ, ಕಾಣೆಯಾಗಿರುವುದು ಇವು ಬಹುಮಟ್ಟಿಗೆ ದಾಖಲೆಗಳಿಂದ, ಹತ್ತಿರದ ಬಂಧುಗಳ ಹೇಳಿಕೆಯಿಂದ ತೀರ್ಮಾನವಾಗುತ್ತವೆ.

ತಪ್ಪು ಯಾರದೆಂದು ಸಾಬೀತುಪಡಿಸುವ ಅಗತ್ಯವೇ ಇಲ್ಲದ ದಾರಿಗಳೂ ಈ ಕಾಯ್ದೆಯಲ್ಲಿವೆ, ಅವು ಬಹಳ ಜನರಿಗೆ ತಿಳಿದಿಲ್ಲ. ನ್ಯಾಯಿಕ ಪ್ರತ್ಯೇಕತೆಯ ಅಥವಾ ದಾಂಪತ್ಯ ಹಕ್ಕುಗಳ ಪುನಃಸ್ಥಾಪನೆಯ ಡಿಕ್ರಿ ಆಗಿ ಒಂದು ವರ್ಷ ಕಳೆದರೂ ಇಬ್ಬರೂ ಕೂಡಿ ಬಾಳದಿದ್ದರೆ, ಅವರಲ್ಲಿ ಯಾರು ಬೇಕಾದರೂ ವಿಚ್ಛೇದನ ಕೇಳಬಹುದು. ಬೇರೆ ಬಾಳುತ್ತಿರುವ ಹೆಂಡತಿಗೆ ಜೀವನಾಂಶದ ಆದೇಶ ಸಿಕ್ಕಿ, ಆಮೇಲೆ ಒಂದು ವರ್ಷ ಇಬ್ಬರೂ ಮತ್ತೆ ಒಂದಾಗದಿದ್ದರೆ, ಅದು ಹೆಂಡತಿಗೆ ಮಾತ್ರ ಇರುವ ಪ್ರತ್ಯೇಕ ಕಾರಣ. ಅಲ್ಲಿ ಮುಖ್ಯ ಪುರಾವೆ ಆದೇಶದ ದೃಢೀಕೃತ ನಕಲು. ವರ್ಷಗಟ್ಟಲೆ ಜೀವನಾಂಶದ ಕೇಸಿನಲ್ಲೇ ಸವೆದ ಎಷ್ಟೋ ಹೆಣ್ಣುಮಕ್ಕಳಿಗೆ ಈ ಬಾಗಿಲು ತೆರೆದಿರುವುದೇ ಗೊತ್ತಿಲ್ಲ. ಇನ್ನು ಇಬ್ಬರೂ ಒಪ್ಪಿದರೆ 13-ಬಿ ಇದೆ: ಒಂದು ವರ್ಷ ಬೇರೆಯಾಗಿದ್ದಿರಬೇಕು, ಅರ್ಜಿ ಹಾಕಿ ಆರು ತಿಂಗಳು ಕಾಯಬೇಕು, ಒಂದಾಗುವ ಸಾಧ್ಯತೆಯೇ ಇಲ್ಲದಿದ್ದಾಗ ಆ ಆರು ತಿಂಗಳನ್ನು ನ್ಯಾಯಾಲಯ ಬಿಡಬಹುದು ಎಂದು 2017ರ ತೀರ್ಪು ಹೇಳಿದೆ. ಇವುಗಳ ನಡುವೆ ಒಂದು ಅಪಾಯದ ದಾರಿಯೂ ಇದೆ. ಹಿರಿಯರ ಮುಂದೆ ಕೂತು, ಸ್ಟಾಂಪ್ ಪೇಪರಿನ ಮೇಲೆ ಬಿಡುಗಡೆ ಪತ್ರ ಬರೆಸಿ, ನೋಟರಿ ಮುದ್ರೆ ಹಾಕಿಸಿದರೆ ಮದುವೆ ಮುಗಿಯಿತು ಎಂಬ ನಂಬಿಕೆ ನಮ್ಮ ಅನೇಕ ಊರುಗಳಲ್ಲಿ ಇನ್ನೂ ಇದೆ. ರೂಢಿಯ ವಿಚ್ಛೇದನವನ್ನು ಕಾಯ್ದೆಯ 29ನೇ ಕಲಮು ಉಳಿಸಿಕೊಂಡಿರುವುದು ನಿಜ. ಆದರೆ ಆ ಸಮುದಾಯದಲ್ಲಿ ಅಂಥ ರೂಢಿ ಇದೆಯೆಂದು ನಿರ್ದಿಷ್ಟವಾಗಿ ಹೇಳಿ ಸಾಬೀತುಪಡಿಸಬೇಕು ಎಂದು ಕರ್ನಾಟಕದಿಂದ ಹೋದ ಮೇಲ್ಮನವಿಯೊಂದರಲ್ಲಿ ಸುಪ್ರೀಂ ಕೋರ್ಟ್ 2002ರಲ್ಲಿ ಸ್ಪಷ್ಟಪಡಿಸಿದೆ. ಹಾಗೆ ಸಾಬೀತಾಗದಿದ್ದರೆ ಪತ್ರಕ್ಕೆ ಬೆಲೆಯಿಲ್ಲ, ಎರಡನೇ ಮದುವೆ ಅಸಿಂಧು.

ಈಗ ಆಕ್ಷೇಪಗಳಿಗೆ ಬರೋಣ. ಸಂಭವದ ತೂಕವೇ ಸಾಕೆಂದರೆ ಸುಳ್ಳು ಹೇಳುವವರಿಗೆ ಅನುಕೂಲವಲ್ಲವೇ ಎಂಬುದು ಮೊದಲನೆಯದು. ಅನುಭವ ಬೇರೆಯದನ್ನೇ ಹೇಳುತ್ತದೆ. ದಾಂಪತ್ಯದ ಮೊಕದ್ದಮೆಯಲ್ಲಿ ಉತ್ಪ್ರೇಕ್ಷೆ ಹೇಳಿದವರಿಗೇ ತಿರುಗಿ ಹೊಡೆಯುತ್ತದೆ. ಹೆಂಡತಿಯ ಶೀಲದ ಮೇಲೆ ಗಂಡ ತನ್ನ ಲಿಖಿತ ಹೇಳಿಕೆಯಲ್ಲಿ ಹೊರಿಸಿದ ಆಧಾರರಹಿತ ಆರೋಪವೇ ಕ್ರೌರ್ಯ ಎಂದು ಸುಪ್ರೀಂ ಕೋರ್ಟ್ 2003ರಲ್ಲಿ ತೀರ್ಮಾನಿಸಿತು; ತನ್ನ ರಕ್ಷಣೆಗೆಂದು ಅವನು ಬರೆಸಿದ ಕಾಗದ ಅವನ ವಿರುದ್ಧದ ಪುರಾವೆಯಾಯಿತು. 2013ರಲ್ಲಿ ಅದೇ ನ್ಯಾಯಾಲಯ, ಸಂಗಾತಿ ಮತ್ತು ಅವರ ಮನೆಯವರ ಮೇಲಿನ ಸುಳ್ಳು ದೂರು, ಮಾನಹಾನಿಯ ಆರೋಪಗಳೂ ಮಾನಸಿಕ ಕ್ರೌರ್ಯ ಎಂದಿತು. ಹಾಗೆಂದು ಪೆಟ್ಟು ತಿಂದವರು ದೂರು ಕೊಡಲು ಹಿಂಜರಿಯಬೇಕಿಲ್ಲ. ಭಾರತೀಯ ನ್ಯಾಯ ಸಂಹಿತೆಯ 85ನೇ ಕಲಮು, 2005ರ ಕೌಟುಂಬಿಕ ಹಿಂಸೆ ತಡೆ ಕಾಯ್ದೆ ಇರುವುದೇ ಅವರಿಗಾಗಿ. ಆರೋಪಿ ಖುಲಾಸೆಯಾದ ಮಾತ್ರಕ್ಕೆ ದೂರು ಸುಳ್ಳೆಂದೂ ಆಗುವುದಿಲ್ಲ. ನಡೆಯದ ಹಲ್ಲೆಯನ್ನು ಕಟ್ಟುವುದು, ಊರಿನಲ್ಲಿ ಇರದ ನಾದಿನಿಯನ್ನೂ ಆರೋಪಿ ಮಾಡುವುದು, ವಿಚ್ಛೇದನದ ಚೌಕಾಸಿಗೆಂದು ದೂರು ಕೊಡುವುದು ಇವುಗಳ ವಿಷಯ ಬೇರೆ. ನಿಜವಾಗಿ ನಡೆದ ನಾಲ್ಕು ಘಟನೆಗಳಿಂದ ಗೆಲ್ಲಬಹುದಾದ ಕೇಸು, ಸೇರಿಸಿದ ಐದನೆಯ ಸುಳ್ಳಿನಿಂದ ಸೋಲುತ್ತದೆ. ಪಾಟೀಸವಾಲಿನಲ್ಲಿ ಆ ಸುಳ್ಳು ಬಯಲಾದ ಮೇಲೆ ಉಳಿದ ನಾಲ್ಕನ್ನೂ ನ್ಯಾಯಾಧೀಶರು ಸಂಶಯದಿಂದಲೇ ನೋಡುತ್ತಾರೆ.

ಎರಡನೆಯ ಆಕ್ಷೇಪ ಇದಕ್ಕಿಂತ ಗಂಭೀರ. ಪುರಾವೆ ಎಂದರೆ ಕಾಗದ, ಫೋನು, ಸಂಬಳದ ಚೀಟಿ. ಇವೆಲ್ಲ ಇರುವುದು ಓದಿದವರ, ಉಳ್ಳವರ ಹತ್ತಿರ. ಹಳ್ಳಿಯ ಮನೆಯೊಳಗೆ ಹೊಡೆತ ತಿಂದು, ಮಾನಕ್ಕೆ ಅಂಜಿ ಯಾರಿಗೂ ಹೇಳದ ಹೆಣ್ಣು ಏನನ್ನು ತೋರಿಸಬೇಕು? ಈ ಪ್ರಶ್ನೆಗೆ ಉತ್ತರ ಕಾನೂನಿನಲ್ಲೇ ಇದೆ, ಅದನ್ನು ಬಳಸುವುದು ಕಡಿಮೆ. ನಂಬಲರ್ಹವಾದ ಒಬ್ಬರ ಸಾಕ್ಷ್ಯವೇ ಸಾಕು; ಇಂತಿಷ್ಟೇ ಸಾಕ್ಷಿಗಳಿರಬೇಕೆಂಬ ನಿಯಮ ನಮ್ಮಲ್ಲಿಲ್ಲ. ತವರಿಗೆ ಬಂದಾಗ ಅವಳ ಸ್ಥಿತಿ ಕಂಡ ತಾಯಿ, ರಾತ್ರಿ ಬಾಗಿಲು ತೆರೆದ ಪಕ್ಕದ ಮನೆಯಾಕೆ, ಮಗುವಿನ ಹಾಜರಿ ಕಡಿಮೆಯಾದದ್ದನ್ನು ಗಮನಿಸಿದ ಶಾಲೆಯ ಶಿಕ್ಷಕಿ, ಪ್ರಾಥಮಿಕ ಆರೋಗ್ಯ ಕೇಂದ್ರದ ಹೊರರೋಗಿ ಚೀಟಿ ಇವೆಲ್ಲ ಸಾಕ್ಷ್ಯವೇ. ಬಂಧುಗಳ ಹೇಳಿಕೆ ಪಕ್ಷಪಾತದ್ದು ಎಂದು ತಳ್ಳಿಹಾಕುವ ಹಾಗೂ ಇಲ್ಲ, ಏಕೆಂದರೆ ಮನೆಯೊಳಗಿನ ಸಂಕಟವನ್ನು ಬಂಧುಗಳಲ್ಲದೆ ಇನ್ನಾರು ನೋಡಿಯಾರು? ಸಂಶಯಾತೀತ ಪುರಾವೆಯ ಮಟ್ಟ ಇಟ್ಟಿದ್ದರೆ ಈ ಹೆಣ್ಣು ಮೊದಲ ದಿನವೇ ಸೋಲುತ್ತಿದ್ದಳು. ಸಂಭವದ ಅಳತೆಯಿಂದಾಗಿಯೇ ಅವಳ ಸರಳ, ಸುಸಂಬದ್ಧವಾದ ಹೇಳಿಕೆಗೆ ದುಬಾರಿ ವಕೀಲರ ದಪ್ಪ ಕಡತದೆದುರು ನಿಲ್ಲುವ ಶಕ್ತಿ ಬರುತ್ತದೆ. ವಿಚಾರಣೆ ಮುಚ್ಚಿದ ಕೋಣೆಯಲ್ಲೇ ನಡೆಯಬೇಕೆಂದು 22ನೇ ಕಲಮು ಹೇಳಿರುವುದೂ, ಹೆಂಡತಿ ತಾನು ವಾಸವಿರುವ ಊರಿನಲ್ಲೇ ಅರ್ಜಿ ಹಾಕಬಹುದೆಂದು 2003ರಲ್ಲಿ ತಿದ್ದುಪಡಿ ಮಾಡಿದ್ದೂ ಇಂಥವರಿಗೆ ಆಸರೆಯಾಗಲೆಂದೇ.

ಮೂರನೆಯ ಆಕ್ಷೇಪ ಬುಡಕ್ಕೇ ಕೈಹಾಕುತ್ತದೆ. ಸತ್ತ ದಾಂಪತ್ಯಕ್ಕೆ ಕೊಂದವರಾರೆಂದು ಯಾಕೆ ಹುಡುಕಬೇಕು, ಮದುವೆ ಸರಿಪಡಿಸಲಾಗದಂತೆ ಮುರಿದಿದೆ ಎಂಬುದೇ ಕಾರಣವಾಗಬಾರದೇ? ಕಾನೂನು ಆಯೋಗ 1978ರಲ್ಲಿ 71ನೇ ವರದಿಯಲ್ಲಿ, ಮತ್ತೆ 2009ರಲ್ಲಿ 217ನೇ ವರದಿಯಲ್ಲಿ ಹೀಗೆಯೇ ಶಿಫಾರಸು ಮಾಡಿತು. 2006ರಲ್ಲಿ ಸುಪ್ರೀಂ ಕೋರ್ಟೂ ಸರ್ಕಾರಕ್ಕೆ ಇದನ್ನು ಪರಿಶೀಲಿಸಲು ಹೇಳಿತು. 2010ರಲ್ಲಿ ಮಂಡನೆಯಾದ ಮಸೂದೆ 2013ರಲ್ಲಿ ರಾಜ್ಯಸಭೆಯಲ್ಲಿ ಅಂಗೀಕಾರವಾದರೂ ಲೋಕಸಭೆಯಲ್ಲಿ ಅಂಗೀಕಾರವಾಗದೆ ಅವಧಿ ಮೀರಿ ರದ್ದಾಯಿತು. ಈಗ ಈ ಆಧಾರದ ಮೇಲೆ ಸಂವಿಧಾನದ 142ನೇ ವಿಧಿಯಡಿ ವಿಚ್ಛೇದನ ಕೊಡುವ ಅಧಿಕಾರ ಇರುವುದು ಸುಪ್ರೀಂ ಕೋರ್ಟಿಗೆ ಮಾತ್ರ, ಅದೂ ವಿವೇಚನೆಗೆ ಬಿಟ್ಟದ್ದು, ಹಕ್ಕಿನಿಂದ ಕೇಳುವಂಥದ್ದಲ್ಲ ಎಂದು ಐವರು ನ್ಯಾಯಮೂರ್ತಿಗಳ ಪೀಠ 2023ರ ಮೇ 1ರಂದು ಹೇಳಿತು. ಆರು ವರ್ಷ ಅಥವಾ ಅದಕ್ಕೂ ಹೆಚ್ಚು ಕಾಲ ಬೇರೆಯಾಗಿರುವುದು ಅಲ್ಲಿ ಮುಖ್ಯವಾಗಿ ಗಮನಿಸಬೇಕಾದ ಅಂಶ. ಮುರಿದ ಮದುವೆಯಲ್ಲಿ ಜನರನ್ನು ಕಟ್ಟಿಹಾಕುವುದು ಕ್ರೂರ ಎಂಬ ಮಾತಿನಲ್ಲಿ ಸತ್ಯವಿದೆ. ಆದರೆ ನಮ್ಮ ಸಮಾಜದಲ್ಲಿ ಮದುವೆಯನ್ನು ಮುರಿಯುವ ಶಕ್ತಿ ಇಬ್ಬರಿಗೂ ಸಮನಾಗಿ ಇಲ್ಲ. ಹೆಂಡತಿಯನ್ನು ತವರಿಗೆ ಅಟ್ಟಿ ಆರು ವರ್ಷ ತಿರುಗಿ ನೋಡದವನು, ಮದುವೆ ಮುರಿದಿದೆ ನೋಡಿ ಎಂದು ಬಂದು ನಿಂತರೆ ಅವನ ತಪ್ಪಿನ ಲಾಭ ಅವನಿಗೇ ಸಿಗುತ್ತದೆ. 23ನೇ ಕಲಮು ತಡೆಯುವುದೇ ಇದನ್ನು. ಮನೆಯ ಆಸ್ತಿಯಲ್ಲಿ ಹೆಂಡತಿಗೆ ಖಾತರಿಯ ಪಾಲು, ಸಮಯಕ್ಕೆ ಸರಿಯಾಗಿ ಕೈಸೇರುವ ಜೀವನಾಂಶ ಇವು ಗಟ್ಟಿಯಾಗುವವರೆಗೆ ಕಾರಣ ಕೇಳುವ ಕಾನೂನೇ ಅವಳ ಕೈಯಲ್ಲಿರುವ ಒಂದೇ ಹಿಡಿತ. ಆ ರಕ್ಷಣೆಗಳನ್ನು ಕೊಟ್ಟು ಮುರಿದ ಮದುವೆಯನ್ನು ಕಾರಣವಾಗಿ ಸೇರಿಸಿದರೆ ನನ್ನ ತಕರಾರಿಲ್ಲ. ರಕ್ಷಣೆ ಮೊದಲು, ಸಡಿಲಿಕೆ ಆಮೇಲೆ.

ಅಲ್ಲಿಯವರೆಗೆ ತುರ್ತಾಗಿ ಸರಿಯಾಗಬೇಕಾದದ್ದು ಕಾಲ. 1976ರಲ್ಲೇ ಸೇರಿಸಿದ 21-ಬಿ ಕಲಮು, ವಿಚಾರಣೆ ಸಾಧ್ಯವಾದಷ್ಟು ದಿನವೂ ನಡೆದು, ಎದುರಿನವರಿಗೆ ನೋಟಿಸ್ ತಲುಪಿದ ಆರು ತಿಂಗಳೊಳಗೆ ಮುಗಿಯುವಂತೆ ಪ್ರಯತ್ನಿಸಬೇಕು, ಮೇಲ್ಮನವಿ ಮೂರು ತಿಂಗಳೊಳಗೆ ತೀರ್ಮಾನವಾಗಬೇಕು ಎನ್ನುತ್ತದೆ. ಅದೇ ಕಾಯ್ದೆಯಡಿ ಬೆಂಗಳೂರಿನ ಒಂದು ಅರ್ಜಿ ಹನ್ನೊಂದು ವರ್ಷ ನಡೆದದ್ದನ್ನು ಆಗಲೇ ನೋಡಿದೆವು. ಈ ಅಂತರಕ್ಕೆ ನ್ಯಾಯಾಧೀಶರ ಕೊರತೆ ಒಂದು ಕಾರಣ. ಪ್ರತಿ ದಾಂಪತ್ಯದ ವ್ಯಾಜ್ಯವನ್ನೂ ಹತ್ತು ಉಪವ್ಯಾಜ್ಯಗಳಾಗಿ ಸೀಳುವ, ಬೇಕಿಲ್ಲದ ಸಾಕ್ಷಿಗಳನ್ನು ಪೇರಿಸುವ, ವಾಯಿದೆಯ ಮೇಲೆ ವಾಯಿದೆ ಕೇಳುವ ಅಭ್ಯಾಸ ಇನ್ನೊಂದು ಕಾರಣ. ಮೊದಲನೆಯದನ್ನು ಸರ್ಕಾರ ನೀಗಿಸಬೇಕು. ಎರಡನೆಯದು ಕಕ್ಷಿದಾರರ, ವಕೀಲರ ಕೈಯಲ್ಲೇ ಇದೆ. ಅರ್ಜಿ ಬರೆಸುವ ಮುನ್ನ ನಿಜವಾಗಿ ನಡೆದ ಘಟನೆಗಳನ್ನು ತಾರೀಖಿನ ಅನುಕ್ರಮದಲ್ಲಿ ಬರೆದುಕೊಳ್ಳಿ. ಪ್ರತಿ ಘಟನೆಗೂ ಅದನ್ನು ಬಲ್ಲ ಒಬ್ಬರನ್ನೋ, ತೋರಿಸುವ ಒಂದು ಕಾಗದವನ್ನೋ ಗುರುತಿಸಿಕೊಳ್ಳಿ. ನಿಮ್ಮ ಕಡೆಯ ತಪ್ಪಿದ್ದರೆ ಅದನ್ನು ವಕೀಲರಿಂದ ಮುಚ್ಚಿಡಬೇಡಿ. ನಿಮಗೆ ಖಚಿತವಿಲ್ಲದ ಆರೋಪವನ್ನು, ಎಷ್ಟೇ ಸಿಟ್ಟಿದ್ದರೂ, ಬಿಟ್ಟುಬಿಡಿ. ಬಂದವರೊಡನೆ ಇದಿಷ್ಟನ್ನು ಕೂತು ಮಾಡಿಸುವ ವಕೀಲರು ಅವರ ಬದುಕಿನ ಕೆಲವು ವರ್ಷಗಳನ್ನಾದರೂ ಉಳಿಸಿಕೊಡುತ್ತಾರೆ. ಇಬ್ಬರು ಒಟ್ಟಿಗೆ ಬಾಳಲಾಗಲಿಲ್ಲ ಎಂಬುದನ್ನು ತೋರಿಸಲು ಕಾನೂನು ಕೇಳುವ ಪುರಾವೆ ಇಷ್ಟೇ. ಅದಕ್ಕಿಂತ ಹೆಚ್ಚಿನದನ್ನು ಗುಡ್ಡೆಹಾಕುವವರು ಎದುರಿನವರನ್ನು ಮಾತ್ರವಲ್ಲ, ತಮ್ಮ ಮಕ್ಕಳನ್ನೂ ತಮ್ಮ ಮುಂದಿನ ಬದುಕನ್ನೂ ಆ ಕಡತದೊಳಗೆ ಸಿಕ್ಕಿಸುತ್ತಿದ್ದಾರೆ.